ನೆರೆ ಇಳಿದ ಮೇಲೆ

ಬಿರುಗಾಳಿಯೋ ಮಹಾಪೂರವೋ ಬಂದಾಗ ಊರು ಹಾಳಾದ ಸುದ್ದಿ ನಾಲ್ಕು ದಿಕ್ಕಿಗೂ ಹರಡುತ್ತದೆ. ಪತ್ರಿಕೆಗಳಲ್ಲಿ ಚಿತ್ರಗಳು ಬರುತ್ತವೆ. ಮಂತ್ರಿಗಳು ಬಂದು ನೋಡಿ ಹೋಗುತ್ತಾರೆ. ದಾನಿಗಳು ಅಕ್ಕಿ ಬಟ್ಟೆ ಕಳುಹಿಸುತ್ತಾರೆ. ನಾವೂ ನಮ್ಮ ನಮ್ಮ ಸಂಘಗಳಲ್ಲಿ ಕೂಡಿ ಕೈಲಾದಷ್ಟು ಚಂದಾ ಎತ್ತುತ್ತೇವೆ. ಎರಡು ವಾರ ಕಳೆಯಿತೆಂದರೆ ಆ ಊರಿನ ಹೆಸರು ಮಾತಿನಿಂದ ಮರೆಯಾಗುತ್ತದೆ. ಆದರೆ ಆ ಊರಿನವರ ನಿಜವಾದ ಕಷ್ಟ ಆರಂಭವಾಗುವುದು ಆಗಲೇ. ಕೆಸರು ತುಂಬಿದ ಮನೆಗೆ ಮರಳಿ ಕಾಲಿಡಬೇಕು. ಒದ್ದೆಯಾದ ಭತ್ತವನ್ನು ಎಸೆಯಬೇಕು. ಮಕ್ಕಳನ್ನು ಶಾಲೆಗೆ ಕಳುಹಿಸಬೇಕು. ಮುರಿದುದನ್ನು ಮತ್ತೆ ಕಟ್ಟಬೇಕು. ಈ ಎರಡನೆಯ ಅಧ್ಯಾಯವನ್ನು ಕುರಿತು ನಾಲ್ಕು ಮಾತು ಹೇಳಬೇಕೆಂಬುದು ನಮ್ಮ ಉದ್ದೇಶ.

ಇದಕ್ಕೆ ನಾವು ಆರಿಸಿಕೊಂಡ ಸ್ಥಳ ನಮ್ಮ ನೆರೆಯ ಆಂಧ್ರ ಪ್ರದೇಶದ ಗನ್ನವರಂ. ಬೆಂಗಳೂರಿನಿಂದ ವಿಜಯವಾಡಕ್ಕೆ ವಿಮಾನದಲ್ಲಿ ಹೋಗುವವರು ಇಳಿಯುವುದು ಇಲ್ಲಿಯೇ. ಅಲ್ಲಿಂದ ವಿಜಯವಾಡಕ್ಕೆ ಸುಮಾರು ಇಪ್ಪತ್ತು ಕಿಲೋಮೀಟರು. ಅದೇ ಹೆದ್ದಾರಿಯಲ್ಲಿ ಈಶಾನ್ಯಕ್ಕೆ ತಿರುಗಿ ನಡೆದರೆ ವಿಶಾಖಪಟ್ಟಣ. ಒಂದು ನಗರಕ್ಕೆ ನದಿಯ ಭಯ, ಇನ್ನೊಂದಕ್ಕೆ ಸಮುದ್ರದ ಭಯ. ನಡುವೆ ಇರುವ ಈ ಚಿಕ್ಕ ಊರಿನ ಬಳಿಯೇ, ಕೊಂಡಪಾವುಲೂರು ಎಂಬ ಹಳ್ಳಿಯಲ್ಲಿ, ರಾಷ್ಟ್ರೀಯ ವಿಪತ್ತು ಸ್ಪಂದನಾ ಪಡೆಯ ಹತ್ತನೆಯ ದಳ ನೆಲೆಸಿದೆ. ವಿಪತ್ತು ನಿರ್ವಹಣೆಯನ್ನು ಕಲಿಸುವ ರಾಷ್ಟ್ರೀಯ ಸಂಸ್ಥೆಯ ದಕ್ಷಿಣ ಶಾಖೆಯೂ ಅಲ್ಲಿಯೇ ಇದೆ. ಇವೆರಡರ ಹೊಸ ಕಟ್ಟಡಗಳು ೨೦೨೫ರ ಜನವರಿ ೧೯ರಂದು ಉದ್ಘಾಟನೆಯಾದವು.

ಇದರಿಂದ ಕನ್ನಡಿಗರಿಗೇನು ಎಂದು ಕೇಳಬಹುದು. ಈ ಹತ್ತನೆಯ ದಳದ ಹೊಣೆಗೆ ಆಂಧ್ರ, ತೆಲಂಗಾಣಗಳ ಜೊತೆಗೆ ನಮ್ಮ ಕರ್ನಾಟಕವೂ ಸೇರಿದೆ. ನಮ್ಮಲ್ಲಿ ಹೊಳೆ ಉಕ್ಕಿದಾಗ, ಗುಡ್ಡ ಕುಸಿದಾಗ, ಕಿತ್ತಳೆ ಬಣ್ಣದ ಉಡುಪು ತೊಟ್ಟು ರಬ್ಬರಿನ ದೋಣಿಗಳೊಂದಿಗೆ ಬರುವ ಜವಾನರು ಈ ದಳದವರು. ರಾಜ್ಯಗಳ ಗಡಿ ನಕ್ಷೆಯಲ್ಲಿರುತ್ತದೆ. ನೀರಿಗೆ ಆ ಗಡಿ ಗೊತ್ತಿಲ್ಲ. ಆಲಮಟ್ಟಿ, ನಾರಾಯಣಪುರಗಳನ್ನು ದಾಟಿ ಹೋದ ಕೃಷ್ಣೆಯೇ ವಿಜಯವಾಡದ ಇಂದ್ರಕೀಲಾದ್ರಿಯ ಪಾದವನ್ನು ತೊಳೆಯುತ್ತಾಳೆ. ಆದ್ದರಿಂದ ಅವರ ಅನುಭವವನ್ನು ನಾವು ದೂರದವರ ಕಥೆಯೆಂದು ಓದುವಂತಿಲ್ಲ.

ಸಾವಿನ ಲೆಕ್ಕ ಕಡಿಮೆಯಾದ ಬಗೆ

ಮೊದಲು ಕೃಷ್ಣಾ ನದಿಯ ಮುಖಜಭೂಮಿಯ ಚರಿತ್ರೆಯನ್ನು ನೋಡೋಣ. ೧೮೬೪ನೆಯ ಇಸವಿ ನವಂಬರ್ ಒಂದರ ರಾತ್ರಿ ಮಚಲೀಪಟ್ಟಣದ ಮೇಲೆ ಚಂಡಮಾರುತ ಎರಗಿತು. ಸಮುದ್ರವೇ ಊರಿನೊಳಕ್ಕೆ ನಡೆದು ಬಂದಿತು. ಸುಮಾರು ಮೂವತ್ತು ಸಾವಿರ ಜನ ಸತ್ತರೆಂದು ಅಂದಾಜು. ಡಚ್ಚರು, ಇಂಗ್ಲಿಷರು, ಫ್ರೆಂಚರು ಸ್ಪರ್ಧೆಯಿಂದ ವ್ಯಾಪಾರ ನಡೆಸಿದ್ದ ಆ ಪ್ರಸಿದ್ಧ ಬಂದರು ಮತ್ತೆ ಹಿಂದಿನ ವೈಭವವನ್ನು ಕಾಣಲಿಲ್ಲ.

ಅದಾದ ಮೇಲೆ ನೂರಹದಿಮೂರು ವರ್ಷ ಕಳೆದು, ೧೯೭೭ರ ನವಂಬರ್ ೧೯ರಂದು, ಅದೇ ತೀರದ ದಿವಿಸೀಮೆಯಲ್ಲಿ ಅದೇ ದುರಂತ ಮರಳಿತು. ಐದು ಮೀಟರಿನಷ್ಟು ಎತ್ತರದ ಸಮುದ್ರದ ನೀರು ಹಳ್ಳಿಗಳ ಮೇಲೆ ಹರಿಯಿತು. ಅವನಿಗಡ್ಡ, ನಾಗಾಯಲಂಕ, ಹಂಸಲದೀವಿಯ ಸುತ್ತಿನ ಊರುಗಳಲ್ಲಿ ಹೆಣಗಳನ್ನು ಸುಡಲೂ ಒಣ ಸೌದೆ ಇರಲಿಲ್ಲ. ಸತ್ತವರು ಹತ್ತು ಸಾವಿರಕ್ಕೂ ಹೆಚ್ಚು. ಮುನ್ಸೂಚನೆ ಇರಲೇ ಇಲ್ಲವೆಂದಲ್ಲ. ಆದರೆ ಗುಡಿಸಲಿನಲ್ಲಿದ್ದ ಬೆಸ್ತನಿಗೂ ಕೂಲಿಯವನಿಗೂ ಅದು ಮುಟ್ಟಲಿಲ್ಲ. ಮುಟ್ಟಿದ್ದರೂ ಓಡಿಹೋಗಿ ನಿಲ್ಲಲು ಎತ್ತರದ ಜಾಗವೇ ಇರಲಿಲ್ಲ.

ದೇಶದ ನಾನಾ ಕಡೆಗಳಿಂದ ಸೇವಾಸಂಸ್ಥೆಗಳು ಬಂದು ಅಲ್ಲಿ ಹೊಸ ಊರುಗಳನ್ನು ಕಟ್ಟಿಕೊಟ್ಟವು. ಗುಡಿಸಲಿದ್ದಲ್ಲಿ ತಾರಸಿಯ ಮನೆಗಳು ಬಂದವು. ಅದಕ್ಕಿಂತ ಮುಖ್ಯವಾದದ್ದು ಇನ್ನೊಂದು. ತೀರದ ಉದ್ದಕ್ಕೂ ಕಂಬಗಳ ಮೇಲೆ ನಿಂತ ಕಾಂಕ್ರೀಟಿನ ಆಶ್ರಯ ಮಂದಿರಗಳು ಏಳತೊಡಗಿದವು. ಸಮುದ್ರದ ನೀರು ಕೆಳಗೆ ಹರಿದು ಹೋಗಲಿ, ಜನ ಮೇಲೆ ಕುಳಿತಿರಲಿ ಎಂಬ ಸರಳ ಉಪಾಯ. ಮಿಕ್ಕ ದಿನಗಳಲ್ಲಿ ಅವು ಶಾಲೆಯಾಗಿಯೋ ಸಮುದಾಯ ಭವನವಾಗಿಯೋ ಬಳಕೆಯಾಗಬಹುದು. ಹೀಗೆ ನಿತ್ಯ ಬಳಕೆಯಲ್ಲಿರುವ ಕಟ್ಟಡ ಬೀಗ ತುಕ್ಕು ಹಿಡಿದು ಹಾಳಾಗುವುದಿಲ್ಲ. ಎಚ್ಚರಿಕೆಯನ್ನು ಹಳ್ಳಿಹಳ್ಳಿಗೆ ಮುಟ್ಟಿಸಿ ಜನರನ್ನು ಲಾರಿಗಳಲ್ಲಿ ಸಾಗಿಸುವ ಕ್ರಮವೂ ಬೆಳೆಯಿತು.

ಇದರ ಪರೀಕ್ಷೆ ಹದಿಮೂರೇ ವರ್ಷಗಳಲ್ಲಿ ನಡೆಯಿತು. ೧೯೯೦ರ ಮೇ ತಿಂಗಳಲ್ಲಿ ೧೯೭೭ರದಕ್ಕೆ ಸರಿಸಮನಾದ ಚಂಡಮಾರುತವೊಂದು ಅದೇ ಮುಖಜಭೂಮಿಯ ಮೇಲೆ ಬಿತ್ತು. ಆಸ್ತಿಪಾಸ್ತಿಯ ನಷ್ಟ ಅಪಾರವಾಯಿತು. ಆದರೆ ಜನರನ್ನು ಮೊದಲೇ ಸಾಗಿಸಿದ್ದರಿಂದ ಸತ್ತವರ ಸಂಖ್ಯೆ ಸಾವಿರದೊಳಗೆ ನಿಂತಿತು. ಸಾವಿರವೂ ಸಣ್ಣ ಸಂಖ್ಯೆಯಲ್ಲ. ಆದರೂ ಹತ್ತು ಸಾವಿರ ಎಲ್ಲಿ, ಸಾವಿರ ಎಲ್ಲಿ? ಗಾಳಿಯ ಬಲ ಕುಗ್ಗಿರಲಿಲ್ಲ. ಮನುಷ್ಯರ ಸಿದ್ಧತೆ ಹೆಚ್ಚಿತ್ತು. ಮತ್ತೆ ಕಟ್ಟುವುದೆಂದರೆ ಮೊದಲಿದ್ದಂತೆಯೇ ಕಟ್ಟುವುದಲ್ಲ, ಸೋತ ಜಾಗವನ್ನು ಗುರುತಿಸಿ ಅದನ್ನು ಬದಲಿಸಿ ಕಟ್ಟುವುದು. ಈ ಲೇಖನದಲ್ಲಿ ನಾವು ಹೇಳಬೇಕೆಂದಿರುವುದು ಇಷ್ಟೇ.

ತಂತಿಗಳು ನೆಲದೊಳಗೆ ಇಳಿದವು

ಹಳ್ಳಿಗಳ ಮಾತಾಯಿತು, ಇನ್ನು ನಗರಗಳ ಮಾತು. ೨೦೧೪ರ ಅಕ್ಟೋಬರ್ ೧೨, ಭಾನುವಾರ. ಹುದ್‌ಹುದ್ ಎಂಬ ಹಕ್ಕಿಯ ಹೆಸರನ್ನು ಹೊತ್ತ ಚಂಡಮಾರುತ ನೇರವಾಗಿ ವಿಶಾಖಪಟ್ಟಣದ ಮೇಲೆಯೇ ಬಂದಿಳಿಯಿತು. ಆ ಹೆಸರನ್ನು ಕೊಟ್ಟದ್ದು ಓಮನ್ ದೇಶ. ಗಾಳಿಯ ವೇಗ ಗಂಟೆಗೆ ೧೮೦ ಕಿಲೋಮೀಟರಿನಷ್ಟು. ವಿಮಾನ ನಿಲ್ದಾಣದ ಮಾಡು ಕಿತ್ತುಹೋಯಿತು. ಸಾವಿರಾರು ವಿದ್ಯುತ್ ಕಂಬಗಳು ಮಲಗಿದವು. ಉಕ್ಕಿನ ಕಾರ್ಖಾನೆ ವಿದ್ಯುತ್ತಿಲ್ಲದೆ ಸ್ತಬ್ಧವಾಯಿತು. ಬೆಟ್ಟಗಳ ಹಸಿರೆಲ್ಲ ಒಂದೇ ಹಗಲಿನಲ್ಲಿ ಬೋಳಾಯಿತು. ಆದರೂ ಲಕ್ಷಾಂತರ ಜನರನ್ನು ಮೊದಲೇ ತೀರದಿಂದ ಸರಿಸಿದ್ದರಿಂದ, ಆಂಧ್ರದಲ್ಲಿ ಪ್ರಾಣ ಕಳೆದುಕೊಂಡವರ ಸಂಖ್ಯೆ ನೂರನ್ನು ಮುಟ್ಟಲಿಲ್ಲ.

ಬದುಕಿ ಉಳಿದ ನಗರಕ್ಕೆ ಮರುದಿನದಿಂದಲೇ ಬೇರೆ ಕಷ್ಟ. ವಿದ್ಯುತ್ತಿಲ್ಲವೆಂದರೆ ದೀಪವಿಲ್ಲ ಎಂದಷ್ಟೇ ನಾವು ಭಾವಿಸುತ್ತೇವೆ. ನಗರದಲ್ಲಿ ವಿದ್ಯುತ್ತಿಲ್ಲವೆಂದರೆ ನೀರಿನ ಪಂಪಿಲ್ಲ, ಮೇಲಂತಸ್ತಿನ ಮನೆಗೆ ಹನಿ ನೀರಿಲ್ಲ. ಪೆಟ್ರೋಲ್ ಬಂಕಿಲ್ಲ, ಬ್ಯಾಂಕಿನಲ್ಲಿ ದುಡ್ಡಿಲ್ಲ, ಫೋನಿಲ್ಲ, ಆಸ್ಪತ್ರೆಯ ಯಂತ್ರಗಳಿಲ್ಲ. ಒಂದು ತಂತಿ ತುಂಡಾದರೆ ಸಂಸಾರದ ಹತ್ತು ಎಳೆಗಳು ತುಂಡಾಗುತ್ತವೆ. ಆಗ ಹೊರಗಿನಿಂದ ಕಂಬಗಳೂ ಕೆಲಸಗಾರರೂ ಬಂದರು. ಬಿದ್ದ ಮರಗಳನ್ನು ಕಡಿದು ರಸ್ತೆ ಬಿಡಿಸಲು ಸೈನಿಕರು, ನೌಕಾದಳದವರು, ನಾಗರಿಕರು ಎಲ್ಲರೂ ಕೈಹಾಕಿದರು. ವಾರದೊಳಗೆ ವಿಮಾನಗಳೂ ಇಳಿಯತೊಡಗಿದವು. ೨೦೧೬ರ ಫೆಬ್ರವರಿಯಲ್ಲಿ, ಅಂದರೆ ಹದಿನಾರು ತಿಂಗಳು ತುಂಬುವಷ್ಟರಲ್ಲಿ, ಅದೇ ಸಮುದ್ರತೀರದಲ್ಲಿ ಅಂತರರಾಷ್ಟ್ರೀಯ ನೌಕಾ ಪ್ರದರ್ಶನ ನಡೆದು ಹಲವು ದೇಶಗಳ ಯುದ್ಧನೌಕೆಗಳು ಬಂದು ನಿಂತವು.

ಇದು ಕಣ್ಣಿಗೆ ಕಂಡ ಚೇತರಿಕೆ. ಕಣ್ಣಿಗೆ ಕಾಣದ ಚೇತರಿಕೆ ನೆಲದೊಳಗೆ ನಡೆಯಿತು. ಬಿದ್ದ ಕಂಬಗಳನ್ನು ಎತ್ತಿ ನಿಲ್ಲಿಸಿದರೆ ಮುಂದಿನ ಗಾಳಿಗೆ ಅವು ಮತ್ತೆ ಬೀಳುವುವಲ್ಲವೆ? ಆದ್ದರಿಂದ ವಿಶ್ವಬ್ಯಾಂಕಿನ ಸಾಲದ ನೆರವಿನಿಂದ ನಗರದ ಕೆಲವು ಭಾಗಗಳಲ್ಲಿ ವಿದ್ಯುತ್ ತಂತಿಗಳನ್ನು ನೆಲದೊಳಗೇ ಹೂಳುವ ಕೆಲಸ ಕೈಗೊಂಡರು. ದುಬಾರಿ ಕೆಲಸ, ವರ್ಷಗಟ್ಟಲೆ ರಸ್ತೆ ಅಗೆದು ಜನ ಶಪಿಸುವ ಕೆಲಸ. ಮುಗಿದ ಮೇಲೆ ತೋರಿಸಲು ಅಲ್ಲಿ ಏನೂ ಕಾಣುವುದಿಲ್ಲ. ಆದರೂ ೧೯೭೭ರ ನಂತರ ಕಟ್ಟಿದ ಆಶ್ರಯ ಮಂದಿರಗಳ ಹಿಂದಿದ್ದ ಬುದ್ಧಿಯೇ ಇದರ ಹಿಂದೆಯೂ ಇದೆ.

ಮರೆತ ಹಳ್ಳ

ವಿಜಯವಾಡಕ್ಕೂ ಇಂಥ ಬುದ್ಧಿ ಹೊಸದಲ್ಲ. ಸರ್ ಆರ್ಥರ್ ಕಾಟನ್‌ನ ಪ್ರೇರಣೆಯಿಂದ ೧೮೫೫ರಲ್ಲಿ ಪೂರ್ಣಗೊಂಡ ಅಣೆಕಟ್ಟು ಸುಮಾರು ನೂರು ವರ್ಷ ಕೃಷ್ಣಾ ಮುಖಜಭೂಮಿಗೆ ಅನ್ನ ಹಾಕಿತು. ೧೯೫೨ರ ಪ್ರವಾಹದಲ್ಲಿ ಅದು ಒಡೆಯಿತು. ಒಡೆದ ಕಡೆ ಕಲ್ಲು ತುಂಬಿ ಸುಮ್ಮನಾಗಬಹುದಾಗಿತ್ತು. ಹಾಗೆ ಮಾಡದೆ, ಎಪ್ಪತ್ತು ಗೇಟುಗಳುಳ್ಳ, ಮೇಲೆ ರಸ್ತೆಯೂ ಇರುವ ಹೊಸ ಬ್ಯಾರೇಜನ್ನು ೧೯೫೭ರ ಹೊತ್ತಿಗೆ ಕಟ್ಟಿ, ಅದಕ್ಕೆ ಟಂಗುಟೂರಿ ಪ್ರಕಾಶಂ ಅವರ ಹೆಸರನ್ನಿಟ್ಟರು. ೨೦೦೯ರ ಅಕ್ಟೋಬರಿನಲ್ಲಿ ಸೆಕೆಂಡಿಗೆ ಹನ್ನೊಂದು ಲಕ್ಷ ಘನ ಅಡಿಗೂ ಮಿಕ್ಕಿದ ನೀರು ಅದನ್ನು ದಾಟಿತು. ೨೦೨೪ರ ಸೆಪ್ಟೆಂಬರ್ ೨ರಂದು ಆ ದಾಖಲೆಯೂ ಮುರಿದು ೧೧.೪೩ ಲಕ್ಷ ಘನ ಅಡಿ ನೀರು ಹರಿಯಿತು. ಆದರೂ ಬ್ಯಾರೇಜು ನಿಂತಿತು.

ಹಾಗಾದರೆ ಆ ವರ್ಷ ನಗರ ಮುಳುಗಿದ್ದೇಕೆ? ಅದನ್ನು ಮುಳುಗಿಸಿದ್ದು ಮಹಾನದಿ ಕೃಷ್ಣೆಗಿಂತ ಹೆಚ್ಚಾಗಿ, ಬುಡಮೇರು ಎಂಬ ಹಳ್ಳ. ಮೈಲವರಂ ಕಡೆಯ ಬೆಟ್ಟಗಳಿಂದ ಇಳಿದು, ವಿಜಯವಾಡದ ಬಗಲಲ್ಲಿ ಹಾದು, ಕೊಲ್ಲೇರು ಸರೋವರವನ್ನು ಸೇರುವ ಹರಿವು ಅದು. ಅದನ್ನು 'ವಿಜಯವಾಡದ ದುಃಖ' ಎಂದು ಕರೆಯುವುದುಂಟು. ವೆಲಗಲೇರು ಎಂಬಲ್ಲಿ ಅದಕ್ಕೆ ಗೇಟು ಹಾಕಿ, ಹೆಚ್ಚಿನ ನೀರನ್ನು ಕಾಲುವೆಯೊಂದರಿಂದ ಕೃಷ್ಣೆಗೆ ತಿರುಗಿಸುವ ಏರ್ಪಾಡಿದೆ. ಆದರೆ ಕೃಷ್ಣೆಯೇ ತುಂಬಿ ನಿಂತಿದ್ದರೆ ಆ ನೀರು ಹೋಗುವುದೆಲ್ಲಿಗೆ? ೨೦೨೪ರ ಆಗಸ್ಟ್ ಕೊನೆಯ ಮಳೆಗೆ ಕಾಲುವೆಯ ದಂಡೆ ಮೂರು ಕಡೆ ಒಡೆಯಿತು. ಅಜಿತ್‌ಸಿಂಗ್ ನಗರ, ಪಾಯಕಾಪುರಂ, ರಾಜರಾಜೇಶ್ವರಿಪೇಟೆಗಳಲ್ಲಿ ಮನೆಯ ಕೆಳ ಅಂತಸ್ತುಗಳು ಮುಳುಗಿದವು. ಬೇಸಗೆಯಲ್ಲಿ ಒಣಗಿ ಮಲಗುವ ಹಳ್ಳವೆಂದು ಜನ ಅದರ ಹರವಿನಲ್ಲಿಯೇ ಮನೆ ಕಟ್ಟಿಕೊಂಡಿದ್ದರು. ಅಂಥ ಅಗ್ಗದ ಜಾಗದಲ್ಲಿ ಮನೆ ಕಟ್ಟುವವರು ಯಾರು? ಬೇರೆಡೆ ಕೊಳ್ಳಲು ಶಕ್ತಿಯಿಲ್ಲದ ಬಡವರು. ಹಳ್ಳವನ್ನು ಮರೆತದ್ದು ಇಡೀ ನಗರ, ದಂಡ ತೆತ್ತವರು ಇವರು.

ಪರಿಹಾರದ ಕೆಲಸ ಚುರುಕಾಗಿಯೇ ನಡೆಯಿತೆಂಬುದನ್ನು ಹೇಳಬೇಕು. ಮುಖ್ಯಮಂತ್ರಿ ಚಂದ್ರಬಾಬು ನಾಯ್ಡು ವಿಜಯವಾಡದ ಕಲೆಕ್ಟರ್ ಕಚೇರಿಯಲ್ಲಿಯೇ ಬಿಡಾರ ಹೂಡಿದರು. ದೋಣಿ ಹೋಗದ ಗಲ್ಲಿಗಳಿಗೆ ಡ್ರೋನುಗಳಿಂದ ಅನ್ನದ ಪೊಟ್ಟಣ ಇಳಿಸಿದರು. ಸೇನೆಯವರ ನೆರವಿನಿಂದ ಕಾಲುವೆಯ ಒಡಕುಗಳನ್ನು ಮುಚ್ಚಿದರು. ನೀರಿಳಿದ ಮೇಲೆ ಬೆಂಕಿ ಆರಿಸುವ ಎಂಜಿನುಗಳೇ ಬಂದು ಮನೆಗಳ ಕೆಸರು ತೊಳೆದವು. ಬೇರೆ ಊರುಗಳ ಪೌರಕಾರ್ಮಿಕರು ಬಂದು ಕಸದ ಗುಡ್ಡಗಳನ್ನು ಎತ್ತಿದರು. ಮುಳುಗಿದ ಕೆಳ ಅಂತಸ್ತಿನ ಮನೆಗೆ ಇಪ್ಪತ್ತೈದು ಸಾವಿರ ರೂಪಾಯಿ, ಮೇಲಂತಸ್ತಿನ ಮನೆಗೆ ಹತ್ತು ಸಾವಿರ ಎಂದು ಸರ್ಕಾರ ಘೋಷಿಸಿತು. ಇವೆಲ್ಲ ಮೆಚ್ಚತಕ್ಕ ಕೆಲಸಗಳೇ. ಆದರೆ ಹಳ್ಳಕ್ಕೆ ಅದರ ದಾರಿಯನ್ನು ಬಿಟ್ಟುಕೊಡುವುದು ಇವೆಲ್ಲಕ್ಕಿಂತ ಕಷ್ಟ. ಕಾಲುವೆಯನ್ನು ಅಗಲ ಮಾಡಬೇಕು. ಹರವಿನಲ್ಲಿ ನೆಲೆಸಿದವರಿಗೆ ಬೇರೆ ಜಾಗ ಕೊಡಬೇಕು, ಅದೂ ಅವರ ಕೂಲಿಗೆ ದೂರವಾಗದ ಜಾಗ. ವಿಜಯವಾಡ ನಿಜವಾಗಿ ಚೇತರಿಸಿಕೊಂಡಿತೆ ಎಂಬುದನ್ನು ತೊಳೆದ ಬೀದಿಗಳನ್ನು ನೋಡಿ ಹೇಳಲಾಗುವುದಿಲ್ಲ. ಮುಂದಿನ ಅಂಥ ಮಳೆ ಬಂದ ದಿನ ಅದನ್ನು ಹೇಳಬೇಕು.

ನಮ್ಮ ಮನೆಯ ಮಾತು

ಇಲ್ಲಿ ನಮಗೂ ವಿಜಯವಾಡಕ್ಕೂ ಕೂಡಿದ ಒಂದು ಪ್ರಸಂಗವನ್ನು ಹೇಳಬೇಕು. ೨೦೨೪ರ ಆಗಸ್ಟ್ ೧೦ರ ರಾತ್ರಿ ಹೊಸಪೇಟೆಯ ತುಂಗಭದ್ರಾ ಜಲಾಶಯದ ಹತ್ತೊಂಬತ್ತನೆಯ ಗೇಟು ಸರಪಳಿ ತುಂಡಾಗಿ ಕೊಚ್ಚಿಹೋಯಿತು. ಗೇಟುಗಳ ತಜ್ಞ ಕನ್ನಯ್ಯ ನಾಯ್ಡು ಅವರ ಮಾರ್ಗದರ್ಶನದಲ್ಲಿ, ಹರಿಯುವ ನೀರಿನ ನಡುವೆಯೇ ತಾತ್ಕಾಲಿಕ ಹಲಗೆಗಳನ್ನು ಇಳಿಸಿ, ವಾರದೊಳಗೆ ನೀರನ್ನು ತಡೆದರು. ಬಳ್ಳಾರಿ, ಕೊಪ್ಪಳ, ರಾಯಚೂರುಗಳ ರೈತರು ನಿಟ್ಟುಸಿರುಬಿಟ್ಟರು. ತಿಂಗಳು ತುಂಬುವುದರೊಳಗೆ ಪ್ರಕಾಶಂ ಬ್ಯಾರೇಜಿಗೆ ತೇಲಿ ಬಂದ ದೋಣಿಗಳು ಬಡಿದು ಗೇಟುಗಳ ತೂಕದ ದಿಮ್ಮಿಗಳು ಮುರಿದಾಗ, ಅಲ್ಲಿಗೂ ಹೋದವರು ಅದೇ ಕನ್ನಯ್ಯ ನಾಯ್ಡು. ಒಡೆದುದನ್ನು ಸರಿಮಾಡಬಲ್ಲ ಅನುಭವಿಗಳು ದೇಶಕ್ಕೆ ಎಷ್ಟು ದೊಡ್ಡ ಆಸ್ತಿ! ಅಂಥವರ ವಿದ್ಯೆಯನ್ನು ಕಿರಿಯರು ಕಲಿತುಕೊಳ್ಳುವುದೂ ಪುನರ್ನಿರ್ಮಾಣದ ಒಂದು ಭಾಗವೇ. ಹೋದದ್ದು ಒಂದೇ ಗೇಟಾದರೂ, ಮೂವತ್ತಮೂರನ್ನೂ ಬದಲಿಸಬೇಕೆಂದು ತಜ್ಞರು ಸಲಹೆ ಕೊಟ್ಟರು. ಇದೂ ನಾವು ಹೇಳಿದ ಪಾಠವೇ.

ಗೇಟು, ತಂತಿಗಳ ಮಾತು ಎಂಜಿನಿಯರುಗಳಿಗೆ ಸೇರಿದ್ದು. ಮನೆಯ ಮಾತು ಎಲ್ಲರಿಗೂ ಸೇರಿದ್ದು. ೨೦೦೯ರ ಅಕ್ಟೋಬರ್ ಮೊದಲಲ್ಲಿ ಕೃಷ್ಣೆ, ತುಂಗಭದ್ರೆಗಳು ಉಕ್ಕಿ ಉತ್ತರ ಕರ್ನಾಟಕದ ಹಳ್ಳಿಗಳನ್ನು ಮುಳುಗಿಸಿದ್ದು, ಮಂತ್ರಾಲಯದ ಮಠದೊಳಕ್ಕೂ ನೀರು ನುಗ್ಗಿದ್ದು ಹಲವರಿಗೆ ನೆನಪಿರಬಹುದು. ಆಗ ನಮ್ಮ ಸರ್ಕಾರ 'ಆಸರೆ' ಎಂಬ ಯೋಜನೆಯಲ್ಲಿ, ದಾನಿಗಳನ್ನು ಕೂಡಿಕೊಂಡು, ಎತ್ತರದ ಜಾಗಗಳಲ್ಲಿ ಸಾವಿರಾರು ಮನೆಗಳನ್ನು ಕಟ್ಟಿಸಿತು. ಉದ್ದೇಶ ಒಳ್ಳೆಯದು, ಜಾಗ ಸುರಕ್ಷಿತ. ಆದರೂ ಎಷ್ಟೋ ಕಡೆ ಮನೆಗಳು ಖಾಲಿ ಉಳಿದವು. ಏಕೆಂದರೆ ಎತ್ತು ಕಟ್ಟಲು ಹಕ್ಕೆಯಿಲ್ಲ, ಜೋಳ ತುಂಬಲು ಜಾಗವಿಲ್ಲ, ಹೊಲ ದೂರ. ರೈತನ ಮನೆ ಮಲಗುವ ಕೋಣೆಯಷ್ಟೇ ಅಲ್ಲ; ಕಣ, ಕೊಟ್ಟಿಗೆ, ಕಟ್ಟೆ ಎಲ್ಲ ಸೇರಿ ಮನೆ. ನಕ್ಷೆ ಬರೆದವರು ಮನೆಯ ಹೆಂಗಸನ್ನು ಒಂದು ಮಾತು ಕೇಳಿದ್ದರೆ ಒಲೆ ಎಲ್ಲಿರಬೇಕು, ಹೊಗೆ ಎಲ್ಲಿಂದ ಹೋಗಬೇಕು ಎಂಬುದನ್ನು ಅವಳೇ ಹೇಳುತ್ತಿದ್ದಳು.

ಗುಜರಾತಿನಲ್ಲಿ ೨೦೦೧ರ ಭೂಕಂಪದ ಮೇಲೆ ಬೇರೊಂದು ದಾರಿ ಹಿಡಿದರು. ಬಹಳಷ್ಟು ಕಡೆ ಸರ್ಕಾರ ತಾನೇ ಮನೆ ಕಟ್ಟದೆ, ಮನೆಯವರ ಕೈಗೇ ಕಂತುಕಂತಾಗಿ ಹಣ ಕೊಟ್ಟಿತು. ಭೂಕಂಪಕ್ಕೆ ತಡೆಯುವಂತೆ ಕಟ್ಟಿದ್ದಾರೆಯೇ ಎಂದು ಎಂಜಿನಿಯರುಗಳು ನೋಡಿದ ಮೇಲೆ ಮುಂದಿನ ಕಂತು. ಹಾಗೆ ಕಟ್ಟಿದ ಮನೆ ಬೇಕಾದ ರೀತಿಯಲ್ಲಿತ್ತು, ಮನೆಯವರು ಅದರಲ್ಲಿ ನೆಲೆಸಿದರು. ಕೊಡಗಿನಲ್ಲಿ ೨೦೧೮ರ ಭೂಕುಸಿತದಿಂದ ಮನೆ ಕಳೆದುಕೊಂಡವರಿಗೆ ಜಂಬೂರು, ಕರ್ಣಂಗೇರಿ, ಮದೆನಾಡುಗಳಲ್ಲಿ ಹೊಸ ಬಡಾವಣೆಗಳಾದವು. ಅಲ್ಲಿಯ ಗೋಡೆ ಗಟ್ಟಿಯಾದದ್ದು ಸಂತೋಷವೇ. ಆದರೆ ತೋಟದ ನಡುವೆ ಒಂಟಿಮನೆಯಲ್ಲಿ ಬಾಳಿದವರಿಗೆ ಸಾಲುಮನೆಯ ಬದುಕು ರೂಢಿಯಾಗಲು ಕಾಲ ಬೇಕು. ಅಷ್ಟು ಕಾಲವೂ ನೆರವು, ಕನಿಷ್ಠ ಪಕ್ಷ ಒಂದು ವಿಚಾರಣೆ, ಮುಂದುವರಿಯಬೇಕು.

ಕುಟುಂಬದವರು ಮಾಡತಕ್ಕದ್ದೇನು?

ಸರ್ಕಾರ ಮಾಡಬೇಕಾದ್ದನ್ನು ಹೇಳಿದೆವು. ಸಂಸಾರಸ್ಥರು ಮಾಡಬಹುದಾದ್ದೂ ಉಂಟು. ನೀರಿಳಿದ ಮನೆಗೆ ಹೋದೊಡನೆ ಸ್ವಿಚ್ಚು ಮುಟ್ಟಬಾರದು. ಬಲ್ಲವರಿಂದ ತಂತಿಗಳನ್ನು ನೋಡಿಸಬೇಕು. ಕೆಸರನ್ನು ತೊಳೆಯುವ ಮೊದಲು ನೀರು ನಿಂತ ಗುರುತಿನ ಹಾಗೂ ಹಾಳಾದ ಸಾಮಾನುಗಳ ಚಿತ್ರ ತೆಗೆದಿಡಬೇಕು. ಪರಿಹಾರಕ್ಕೂ ವಿಮೆಗೂ ಅದೇ ಸಾಕ್ಷಿ. ನೆನೆದ ಧಾನ್ಯ, ಹಿಟ್ಟು, ಔಷಧಿಗಳನ್ನು ಮನಸ್ಸು ಗಟ್ಟಿ ಮಾಡಿ ಎಸೆಯಬೇಕು. ಬಾವಿಯ ನೀರನ್ನು ಶುದ್ಧಿ ಮಾಡಿಸುವವರೆಗೆ ಕುದಿಸಿದ ನೀರನ್ನೇ ಕುಡಿಯಬೇಕು. ಮನೆಪತ್ರ, ಶಾಲೆಯ ಸರ್ಟಿಫಿಕೇಟು, ಪಡಿತರ ಚೀಟಿಗಳ ನಕಲನ್ನು ಬೇರೆ ಊರಿನ ಬಂಧುಗಳಲ್ಲಿ ಇಟ್ಟಿರುವುದು ಎಲ್ಲಕ್ಕಿಂತ ಮೇಲು. ಮಕ್ಕಳನ್ನು ಆದಷ್ಟು ಬೇಗ ಶಾಲೆಗೆ ಕಳುಹಿಸಬೇಕು. ಭಯಪಟ್ಟ ಮಗುವಿಗೆ ನಿತ್ಯದ ಕ್ರಮವೇ ಔಷಧ. ನಮ್ಮಂಥ ಸಂಘಗಳು ಚಂದಾ ಎತ್ತುವಾಗ ಅರ್ಧವನ್ನು ಆರು ತಿಂಗಳ ಮೇಲಿನ ಅಗತ್ಯಕ್ಕೆಂದು ತೆಗೆದಿಟ್ಟರೆ ಹೆಚ್ಚು ಉಪಕಾರವಾದೀತು. ಮೊದಲ ವಾರ ಹಳೆ ಬಟ್ಟೆಗಳ ರಾಶಿ ಬೀಳುತ್ತದೆ. ಆರನೆಯ ತಿಂಗಳು ಹೊಲಿಗೆಯ ಯಂತ್ರಕ್ಕೂ ಹಾಲು ಕರೆಯುವ ಎಮ್ಮೆಗೂ ಕೊಡುವವರು ಇರುವುದಿಲ್ಲ.

ಕೊನೆಯದಾಗಿ ನೆನಪಿನ ಮಾತು. ಜಪಾನಿನ ಅನೆಯೋಶಿ ಎಂಬ ಹಳ್ಳಿಯಲ್ಲಿ, ಇದಕ್ಕಿಂತ ಕೆಳಗೆ ಮನೆ ಕಟ್ಟಬೇಡಿರೆಂದು ಹಿರಿಯರು ಕೆತ್ತಿಸಿಟ್ಟ ಕಲ್ಲೊಂದಿದೆ. ಹಳ್ಳಿಯವರು ಆ ಮಾತನ್ನು ಮೀರಲಿಲ್ಲ. ೨೦೧೧ರ ಸುನಾಮಿ ಆ ಕಲ್ಲಿನ ಕೆಳಗೇ ನಿಂತಿತು. ಮೇಲಿದ್ದ ಮನೆಗಳು ಉಳಿದವು. ನಮ್ಮಲ್ಲಿ ನೆರೆ ಇಳಿದೊಡನೆ ಗೋಡೆಗೆ ಸುಣ್ಣ ಬಳಿದು ನೀರಿನ ಗುರುತನ್ನು ಅಳಿಸಿಬಿಡುತ್ತೇವೆ. ಮನೆಯ ಅಂದಕ್ಕೆ ಅದು ಸರಿ. ಆದರೆ ಊರಿನ ಶಾಲೆಯ ಗೋಡೆಯ ಮೇಲಾದರೂ, ಪಂಚಾಯಿತಿಯ ಕಟ್ಟಡದ ಮೇಲಾದರೂ, ನೀರು ಎಲ್ಲಿಯವರೆಗೆ ಬಂದಿತ್ತೆಂದು ಒಂದು ಗೆರೆ ಎಳೆದು, ಇಸವಿ ತಿಂಗಳು ಬರೆದಿಡಬೇಕು. ನಿವೇಶನ ಕೊಳ್ಳಬಂದವನು ಆ ಗೆರೆಯನ್ನು ನೋಡಲಿ. ಇದು ಏನೆಂದು ಮಕ್ಕಳು ಕೇಳಲಿ. ಕೇಳಿದಾಗ ಹೇಳಲು ಮನೆಯ ಹಿರಿಯರು ಸಿದ್ಧರಿರಲಿ.